ಒಂದಾಗಿ ಮತ್ತೆ ಬೇರೆಯಾದ ಫಿನ್‌ಮಾರ್ಕ್‌ನಲ್ಲಿ

ನಾರ್ವೆಯ ಈಶಾನ್ಯ ತುದಿಯ ಫಿನ್‌ಮಾರ್ಕ್ ನೋಡಲು ಕಿರ್ಕೆನೆಸ್‌ನಲ್ಲಿ ವಿಮಾನ ಇಳಿದು, ಬಾಡಿಗೆ ಕಾರಿನಲ್ಲಿ ವರಾಂಗರ್ ಫ್ಯೋರ್ಡ್ ಎಂಬ ಕಡಲ ಚಾಚನ್ನು ಸುತ್ತಿಕೊಂಡು ವಾಡ್ಸೋಗೆ ಹೊರಟೆವು. ಜುಲೈ ತಿಂಗಳು, ರಾತ್ರಿ ಹನ್ನೊಂದಾದರೂ ಬಿಸಿಲು. ಹಿಮಸಾರಂಗಗಳು ರಸ್ತೆಗೆ ಅಡ್ಡ ನಿಂತರೆ ಹಾರ್ನ್ ಹೊಡೆದು ಪ್ರಯೋಜನವಿಲ್ಲ. ಅವಕ್ಕೆ ಮನಸ್ಸು ಬಂದಾಗಲೇ ದಾರಿ ಬಿಡೋದು. ಒಂದು ಕಡೆ 'ಉನ್ಯಾರ್ಗಾ – ನೆಸ್ಸೆಬಿ' ಅಂತ ಬೋರ್ಡು ಸಿಕ್ಕಿತು. ಒಂದೇ ಊರಾಡಳಿತಕ್ಕೆ ಎರಡು ಹೆಸರು, ಇಲ್ಲಿನ ಮೂಲನಿವಾಸಿಗಳ ಸಾಮಿ ಭಾಷೆಯದು ಮೊದಲು.

ವಾಡ್ಸೋ ಐದಾರು ಸಾವಿರ ಜನರ ಊರು. ಎದುರಿನ ಪುಟ್ಟ ದ್ವೀಪದಲ್ಲಿ ಕಬ್ಬಿಣದ ಎತ್ತರದ ಕಂಬವೊಂದಿದೆ. 1926ರಲ್ಲಿ ಧ್ರುವ ಅನ್ವೇಷಕ ಅಮುಂಡ್‌ಸೆನ್ ತಂಡದ 'ನೋರ್ಗೆ' ವಾಯುನೌಕೆ ಉತ್ತರ ಧ್ರುವಕ್ಕೆ ಹೋಗುವಾಗ ಇದಕ್ಕೇ ಕಟ್ಟಿಕೊಂಡು ನಿಂತಿತ್ತು. ಕಂಬದ ಬುಡದಲ್ಲಿ ನಮ್ಮನ್ನು ಬಿಟ್ಟರೆ ಹಕ್ಕಿಗಳಷ್ಟೇ. ಇಷ್ಟು ಸಣ್ಣ ಊರು, ಡೆನ್ಮಾರ್ಕ್‌ಗಿಂತ ದೊಡ್ಡದಾದ ಫಿನ್‌ಮಾರ್ಕ್‌ನ ಆಡಳಿತ ಕೇಂದ್ರ! ಅಷ್ಟು ನೆಲದಲ್ಲಿರುವ ಜನ ಮಾತ್ರ ಸುಮಾರು 75 ಸಾವಿರ.

ನಾರ್ವೆಯ ಆಡಳಿತದಲ್ಲಿ ಮೂರು ಹಂತ. ಮೇಲೆ ಸರ್ಕಾರ, ಕೆಳಗೆ ಕೊಮ್ಯೂನೆ ಅಂದರೆ ಊರಾಡಳಿತ, ನಡುವೆ ಫಿಲ್ಕೆ ಅಂದರೆ ಜಿಲ್ಲೆಯಂಥದ್ದು. ಫಿನ್‌ಮಾರ್ಕ್ ಒಂದು ಫಿಲ್ಕೆ. ಅಂಗನವಾಡಿ ವಯಸ್ಸಿನ ಮಕ್ಕಳು, ಪ್ರಾಥಮಿಕ ಶಾಲೆ, ವೃದ್ಧರ ಆರೈಕೆ, ನೀರು ಎಲ್ಲಾ ಕೊಮ್ಯೂನೆಯ ತಲೆಬಿಸಿ. ಪಿಯುಸಿ ಮಟ್ಟದ ಶಾಲೆ, ಬಸ್ಸು, ಸರ್ಕಾರಿ ಹಲ್ಲಿನ ಆಸ್ಪತ್ರೆ ಫಿಲ್ಕೆಯವು. ಫಿಲ್ಕೆಗೆ ನಾಲ್ಕು ವರ್ಷಕ್ಕೊಮ್ಮೆ ಚುನಾವಣೆ. ಸರ್ಕಾರದ ಪ್ರತಿನಿಧಿ 'ಸ್ಟಾಟ್ಸ್‌ಫೋರ್ವಾಲ್ಟರ್' ಬೇರೆಯೇ. ನಮ್ಮಲ್ಲಿ ಜಿಲ್ಲಾ ಪಂಚಾಯ್ತಿಯೂ ಡಿಸಿಯೂ ಬೇರೆ ಬೇರೆ ಅಲ್ವಾ, ಹೆಚ್ಚುಕಡಿಮೆ ಹಾಗೆ.

ಫಿಲ್ಕೆಗಳು ಜಾಸ್ತಿಯಾದವು ಅಂತ ಸರ್ಕಾರ 2020ರ ಜನವರಿ 1ಕ್ಕೆ ಅವನ್ನು 18ರಿಂದ 11ಕ್ಕೆ ಇಳಿಸಿತು. ಫಿನ್‌ಮಾರ್ಕ್ ಪಕ್ಕದ ಟ್ರೊಮ್ಸ್ ಜೊತೆ ಸೇರಿತು. ನಾವು ಉಳಿದುಕೊಂಡಿದ್ದ ಮನೆಯ ಅಜ್ಜಿ ಈ ವಿಷಯ ಎತ್ತಿದ್ದೇ ತಡ, ಕಾಫಿ ಲೋಟ ಟಪ್ಪಂತ ಕೆಳಗಿಟ್ಟರು. "ನಮ್ಮ ಅಭಿಪ್ರಾಯ ಹೇಳಿದ್ವಿ. ಕೇಳೋರು ಯಾರು?" ಅಂದರು. ಅವರ ಸಿಟ್ಟಿಗೆ ಕಾರಣವಿದೆ. 2018ರಲ್ಲಿ ಫಿನ್‌ಮಾರ್ಕ್‌ನಲ್ಲಿ ಜನಮತ ಕೇಳಿದಾಗ ಮತ ಹಾಕಿದವರಲ್ಲಿ ಶೇ. 87ರಷ್ಟು ಜನ ಬೇಡ ಅಂದಿದ್ದರು. ಆದರೂ ಸೇರಿಸಿಬಿಟ್ಟರು. ಇಲ್ಲಿಂದ ಟ್ರೊಮ್ಸ್‌ನ ಕೇಂದ್ರವಾದ ಟ್ರೊಮ್ಸೋ ನಗರಕ್ಕೆ ಕಾರಲ್ಲಿ ಹೋದರೆ ಇಡೀ ದಿನ ಬೇಕು. ಕಾಗದದ ಮೇಲೆ ಗೆರೆ ಅಳಿಸಿದವರು ಚಳಿಗಾಲದಲ್ಲಿ ಈ ರಸ್ತೆ ನೋಡಿರಲಿಕ್ಕಿಲ್ಲ ಅಂತ ನನಗೂ ಅನ್ನಿಸಿತು.

2021ರಲ್ಲಿ ಸರ್ಕಾರ ಬದಲಾಯಿತು. 2024ರ ಜನವರಿ 1ಕ್ಕೆ ಟ್ರೊಮ್ಸ್ ಮತ್ತು ಫಿನ್‌ಮಾರ್ಕ್ ಮತ್ತೆ ಬೇರೆಯಾದವು. ಓಸ್ಲೋ ಸುತ್ತಲಿನ ವೀಕೆನ್ ಮೂರು ಭಾಗವಾಯಿತು. ವೆಸ್ಟ್‌ಫೋಲ್ಡ್ ಮತ್ತು ಟೆಲೆಮಾರ್ಕ್ ಕೂಡ ಬೇರೆ ಮನೆ ಮಾಡಿದವು. ಈಗ ಒಟ್ಟು 15 ಫಿಲ್ಕೆ. ತಮಾಷೆ ಅಂದ್ರೆ, ಸ್ಟಾಟ್ಸ್‌ಫೋರ್ವಾಲ್ಟರ್ ಕಚೇರಿಯನ್ನು ಒಡೆಯಲಿಲ್ಲ. ಟ್ರೊಮ್ಸ್, ಫಿನ್‌ಮಾರ್ಕ್ ಎರಡಕ್ಕೂ ಅದು ಒಂದೇ.

ಮರುದಿನ ವಾರ್ಡೋ ಕಡೆ ಹೋದೆವು. ಸಮುದ್ರದಡಿಯ ಸುರಂಗ ದಾಟಿದರೆ ಊರು. ಅಲ್ಲಿವರೆಗಿನ ಇ75 ಸರ್ಕಾರದ ರಸ್ತೆ, ಸಂಖ್ಯೆಯ ಹಲಗೆ ಹಸಿರು. ಸುರಂಗಕ್ಕೆ ಮೊದಲೇ ಕವಲೊಡೆದು ಹಾಮ್ನಿಂಗ್‌ಬರ್ಗ್ ಎಂಬ ಹಳ್ಳಿಗೆ ಹೋಗೋದು ಫಿಲ್ಕೆಯ ರಸ್ತೆ. ಚೂಪು ಬಂಡೆಗಳ ನಡುವೆ ಎಷ್ಟು ಕಿರಿದು ಅಂದರೆ, ಎದುರಿನಿಂದ ಕ್ಯಾಂಪರ್ ವ್ಯಾನ್ ಬಂದಾಗ ನಾವು ರಿವರ್ಸ್ ತಗೊಂಡು ಜಾಗ ಬಿಡಬೇಕಾಯಿತು. ಚಳಿಗಾಲದಲ್ಲಿ ಈ ರಸ್ತೆ ಮುಚ್ಚಿರುತ್ತದೆ. ಹೋಗೋದಾದರೆ ಬೇಸಿಗೆಯಲ್ಲೇ ಹೋಗಿ, ಪೆಟ್ರೋಲ್ ವಾರ್ಡೋದಲ್ಲೇ ತುಂಬಿಸಿಕೊಳ್ಳಿ.