ಸೂರ್ಯಕಾಂತಿ ಪುಸ್ತಿಕೆ

2017ರ ಅಕ್ಟೋಬರ್ ತಿಂಗಳ ಒಂದು ಬೆಳಿಗ್ಗೆ, ಇಟಲಿಯ ನೇಪಲ್ಸ್ ನಗರದಲ್ಲಿ ನಾನು ಬಾಡಿಗೆಗಿದ್ದ ಮನೆಯ ಒಡತಿಯನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗಿದ್ದೆ. ಎಪ್ಪತ್ತು ದಾಟಿದ ಅವರಿಗೆ ದೊಡ್ಡ ಕರುಳಿನ ಕ್ಯಾನ್ಸರ್ ಇದೆಯೆಂದು ಗೊತ್ತಾಗಿ ಹತ್ತು ದಿನಗಳಷ್ಟೇ ಕಳೆದಿದ್ದವು. ಮಗಳು ಬೇರೆ ಊರಿನಲ್ಲಿದ್ದುದರಿಂದ ಕಾಗದಪತ್ರಗಳ ಚೀಲ ಹಿಡಿದು ಜೊತೆಗೆ ನಡೆಯುವ ಕೆಲಸ ನನ್ನ ಪಾಲಿಗೆ ಬಂದಿತ್ತು.

ಹೊರರೋಗಿ ವಿಭಾಗದ ಪಕ್ಕದಲ್ಲಿ ರೋಗಿಗಳಿಗೆ ಮಾಹಿತಿ ಕೊಡುವ ಒಂದು ಮೇಜು ಇತ್ತು. ಅಲ್ಲಿದ್ದ ಸ್ವಯಂಸೇವಕಿ ನಮ್ಮನ್ನು ಕೂರಿಸಿ, ಕಾಯಿಲೆಯ ಹೆಸರು ಕೇಳಿ, ಸೂರ್ಯಕಾಂತಿ ಮಾಲೆಯ ಒಂದು ಪುಸ್ತಿಕೆಯನ್ನು ಕೊಟ್ಟರು. ಶಸ್ತ್ರಚಿಕಿತ್ಸೆ ಎಂದರೇನು, ಆಮೇಲೆ ಏನು ತಿನ್ನಬಹುದು, ಯಾವ ಲಕ್ಷಣ ಕಂಡರೆ ವೈದ್ಯರಿಗೆ ಫೋನ್ ಮಾಡಬೇಕು ಎಂಬುದೆಲ್ಲ ಅದರಲ್ಲಿ ಸರಳವಾಗಿತ್ತು. ನಮ್ಮ ಒಡತಿ ಕನ್ನಡಕ ಏರಿಸಿಕೊಂಡು ಪುಸ್ತಿಕೆ ಹೊರತಂದ ಸಂಸ್ಥೆಯ ಹೆಸರನ್ನು ಓದಿದರು. "ಇದು ದೆ ಲೊರೆಂಜೊ ಕಟ್ಟಿದ್ದಲ್ಲವೇ?" ಎಂದು ಕೇಳಿದರು. ಹೌದೆಂದು ಆ ಹುಡುಗಿ ಮೆಲ್ಲಗೆ ಹೇಳಿದಳು. ಅವರು ಪುಸ್ತಿಕೆಯನ್ನು ಮೇಜಿನ ಮೇಲಿಟ್ಟು, ಎರಡು ಬೆರಳಿನಿಂದ ಅತ್ತ ಸರಿಸಿ, ಎದ್ದು ಹೊರಟರು.

ನನಗೆ ಆ ಹೆಸರು ಗೊತ್ತಿರಲಿಲ್ಲ. ನಮ್ಮ ಸರದಿ ಬರಲು ಸುಮಾರು ಎರಡು ಗಂಟೆ ಹಿಡಿಯಿತು. ಆ ಹೊತ್ತಿನಲ್ಲಿ ಅವರು ಹೇಳಿದ್ದನ್ನೂ, ಮುಂದೆ ನಾನು ಹುಡುಕಿ ಓದಿದ್ದನ್ನೂ ಸೇರಿಸಿ ಬರೆಯುತ್ತಿದ್ದೇನೆ.

ಫ್ರಾಂಚೆಸ್ಕೊ ದೆ ಲೊರೆಂಜೊ ಅದೇ ನೇಪಲ್ಸ್‌ನವರು, ವೈದ್ಯರು, ಜೀವರಸಾಯನಶಾಸ್ತ್ರದ ಪ್ರಾಧ್ಯಾಪಕರು, ಲಿಬರಲ್ ಪಕ್ಷದ ನಾಯಕರು. ಮೊದಲು ಪರಿಸರ ಸಚಿವರಾಗಿದ್ದು, 1989ರಲ್ಲಿ ಆರೋಗ್ಯ ಸಚಿವರಾದರು. 1992ರ ಕೊನೆಯಲ್ಲಿ ಸ್ಥಳೀಯ ಆರೋಗ್ಯ ಘಟಕಗಳಿಗೆ ಉದ್ಯಮದ ಮಾದರಿಯ ಸ್ವಾಯತ್ತ ಆಡಳಿತ ಕೊಟ್ಟ ಸುಧಾರಣೆಯನ್ನು ಇಂದಿಗೂ ಅವರ ಹೆಸರಿನಿಂದಲೇ ಕರೆಯುತ್ತಾರೆ. ಆ ವರ್ಷ ಫೆಬ್ರವರಿಯಲ್ಲಿ ಮಿಲಾನಿನ ವೃದ್ಧಾಶ್ರಮವೊಂದರ ಮುಖ್ಯಸ್ಥ ಲಂಚದ ಹಣದೊಂದಿಗೆ ಸಿಕ್ಕಿಬಿದ್ದು, 'ಶುದ್ಧ ಹಸ್ತ' ಎಂಬ ಹೆಸರಿನ ತನಿಖೆ ಶುರುವಾಗಿತ್ತು. ಅದರ ಬಿಸಿ ಒಂದೊಂದೇ ಸಚಿವಾಲಯವನ್ನು ತಟ್ಟಿತು. 1993ರ ಫೆಬ್ರವರಿಯಲ್ಲಿ ದೆ ಲೊರೆಂಜೊ ರಾಜೀನಾಮೆ ಕೊಟ್ಟರು. ಅದೇ ವರ್ಷ ಸಚಿವಾಲಯದ ಔಷಧ ವಿಭಾಗದ ಮುಖ್ಯಸ್ಥ ದುಯಿಲಿಯೊ ಪೊಜೊಲೀನಿ ಬಂಧನಕ್ಕೊಳಗಾದಾಗ ಅವರ ಮನೆಯಲ್ಲಿ ಚಿನ್ನ, ನಾಣ್ಯ, ಬೆಲೆಬಾಳುವ ಚಿತ್ರಗಳು ಸಿಕ್ಕಿದವು. ಕೂರುವ ದಿಂಬಿನೊಳಗೂ ಹಣವಿತ್ತು. "ಆ ದಿಂಬು ಟೀವಿಯಲ್ಲಿ ಬಂದ ರಾತ್ರಿ ನನ್ನ ಗಂಡ ಊಟ ಬಿಟ್ಟು ಎದ್ದರು" ಎಂದು ಒಡತಿ ಹೇಳಿದರು. ಹೃದ್ರೋಗಿಯಾಗಿದ್ದ ಅವರು ಪ್ರತಿ ತಿಂಗಳೂ ಔಷಧಿಗೆ ರೋಗಿಯ ಪಾಲಿನ ಹಣ ಕಟ್ಟುತ್ತಿದ್ದರು. ಅದಕ್ಕೆ ಅಲ್ಲಿ 'ಟಿಕೆಟ್' ಎನ್ನುತ್ತಾರೆ.

ಔಷಧ ಕಂಪನಿಗಳಿಂದ ಲಂಚ ಪಡೆಯುವ ಈ ವ್ಯವಹಾರ ನಡೆಯುತ್ತಿದ್ದುದು ಹೇಗೆಂದು ನನಗೆ ಅರ್ಥವಾದದ್ದು ಅಂದು ಮಧ್ಯಾಹ್ನ ಔಷಧಿ ಅಂಗಡಿಯಲ್ಲಿ. ಅಂಗಡಿಯವರು ಪ್ರತಿ ಪೆಟ್ಟಿಗೆಯಿಂದ ಸಣ್ಣ ಚೀಟಿಯೊಂದನ್ನು ಕಿತ್ತು ವೈದ್ಯರು ಬರೆದ ಹಾಳೆಗೆ ಅಂಟಿಸಿದರು. ಅದೇ ಸರ್ಕಾರಕ್ಕೆ ಹೋಗುವ ಲೆಕ್ಕ. 1978ರಿಂದ ಇಟಲಿಯ ಆರೋಗ್ಯ ಸೇವೆ ಎಲ್ಲರಿಗೂ ಸೇರಿದ್ದಾದ್ದರಿಂದ, ಒಂದು ಔಷಧ ಸರ್ಕಾರಿ ಪಟ್ಟಿಗೆ ಸೇರಿತೆಂದರೆ ಅದರ ದುಡ್ಡು ಬೊಕ್ಕಸದಿಂದ ಬರುವುದು ಖಚಿತ. ಹಾಗಾಗಿ ಪಟ್ಟಿಗೆ ಸೇರಿಸುವವರಿಗೂ ಬೆಲೆ ನಿಗದಿ ಮಾಡುವವರಿಗೂ ಕಂಪನಿಗಳು ಹಣ ಕೊಟ್ಟವು. ಒಡತಿ ಪೆಟ್ಟಿಗೆಯನ್ನು ತಿರುಗಿಸಿ, ಚೀಟಿ ಕಿತ್ತ ಜಾಗದಲ್ಲಿ ಉಳಿದ ಒರಟು ಬಿಳಿ ಚೌಕವನ್ನು ಉಗುರಿನಿಂದ ಮುಟ್ಟಿ ತೋರಿಸಿ, "ಇದರೊಳಗೆ ಅವರ ಪಾಲೂ ಇತ್ತು" ಎಂದರು.

ದೆ ಲೊರೆಂಜೊ 1994ರ ಮೇ ತಿಂಗಳಲ್ಲಿ ಬಂಧಿತರಾಗಿ ನೇಪಲ್ಸ್‌ನ ಪೊಜೊರೆಯಾಲೆ ಜೈಲಿಗೆ ಹೋದರು. ಜುಲೈನಲ್ಲಿ ಬರ್ಲುಸ್ಕೋನಿ ಸರ್ಕಾರದ ಸುಗ್ರೀವಾಜ್ಞೆಯೊಂದರಿಂದ ಹೊರಬಂದಾಗ ದೇಶವೇ ಕೆರಳಿತು, ಕೆಲವೇ ದಿನಗಳಲ್ಲಿ ಆ ಆಜ್ಞೆ ಬಿದ್ದುಹೋಯಿತು. ಕೊನೆಗೆ ಭ್ರಷ್ಟಾಚಾರ ಮತ್ತು ಪಕ್ಷಗಳಿಗೆ ಅಕ್ರಮ ಹಣ ಒದಗಿಸಿದ ಅಪರಾಧದಲ್ಲಿ ಅವರಿಗೆ ಐದು ವರ್ಷಕ್ಕೂ ಮೀರಿದ ಶಿಕ್ಷೆ ಖಾಯಂ ಆಯಿತು. ಈ ನಡುವೆ ತಾವೇ ಕ್ಯಾನ್ಸರ್‌ಗೆ ತುತ್ತಾದ ಅವರು 1997ರಲ್ಲಿ ರೋಗಿಗಳು ಮತ್ತು ಅವರ ಬಂಧುಗಳಿಗಾಗಿ ಕಟ್ಟಿದ ಸಂಘವೇ ಆ ಪುಸ್ತಿಕೆಯದು. ಮುಂದೆ ಯುರೋಪಿನ ಕ್ಯಾನ್ಸರ್ ರೋಗಿಗಳ ಒಕ್ಕೂಟಕ್ಕೂ ಅವರು ಅಧ್ಯಕ್ಷರಾದರು.

ಇಷ್ಟೇ ಆಗಿದ್ದರೆ, ತಪ್ಪು ಮಾಡಿದವರು ಶಿಕ್ಷೆ ಅನುಭವಿಸಿದರು, ಆಮೇಲೆ ಒಳ್ಳೆಯ ಕೆಲಸಕ್ಕೆ ತೊಡಗಿದರು ಎಂದು ನಾನು ಸಮಾಧಾನ ಹೇಳುತ್ತಿದ್ದೆನೇನೋ. ಆದರೆ ಒಡತಿಯ ನೋವು ಬೇರೆಯದೇ ಆಗಿತ್ತು. 1991ರಲ್ಲಿ, ದೆ ಲೊರೆಂಜೊ ಸಚಿವರಾಗಿದ್ದಾಗ, ಹಸುಗೂಸುಗಳಿಗೂ ಹನ್ನೆರಡು ವರ್ಷದ ಮಕ್ಕಳಿಗೂ ಹೆಪಟೈಟಿಸ್ ಬಿ ಲಸಿಕೆಯನ್ನು ಕಡ್ಡಾಯಗೊಳಿಸುವ ಕಾನೂನು ಬಂತು. ನೇಪಲ್ಸ್ ಸುತ್ತಮುತ್ತ ಆ ರೋಗ ವಿಪರೀತವಾಗಿತ್ತು. ಪಕ್ಕದ ಅಫ್ರಗೋಲಾ ಪಟ್ಟಣದಲ್ಲಿ 1983ರಿಂದಲೇ ಪ್ರಾಯೋಗಿಕವಾಗಿ ಲಸಿಕೆ ಹಾಕಲಾಗುತ್ತಿತ್ತು. ಅದರ ಅಗತ್ಯವನ್ನು ಯಾವ ಸಚಿವರೂ ಸೃಷ್ಟಿಸಬೇಕಾಗಿರಲಿಲ್ಲ. ಆದರೂ ಆ ಕಾನೂನಿಗಾಗಿ ಲಸಿಕೆ ತಯಾರಕರು 60 ಕೋಟಿ ಲೀರಾ ಸಂದಾಯ ಮಾಡಿದ್ದರೆಂಬ ಆರೋಪ ತನಿಖೆಯಲ್ಲಿ ಹೊರಬಿತ್ತು. ಲಸಿಕೆಯಿಂದ ರೋಗ ಇಳಿಯಿತು, ಒಂದು ಇಡೀ ಪೀಳಿಗೆ ಉಳಿಯಿತು. ಆರೋಪ ಮಾತ್ರ ಜನರ ನೆನಪಿನಲ್ಲಿ ಹಾಗೆಯೇ ಕೂತಿತು.

2017ರ ಆ ಬೇಸಿಗೆಯಲ್ಲಷ್ಟೇ ಹತ್ತು ಲಸಿಕೆಗಳನ್ನು ಕಡ್ಡಾಯ ಮಾಡಿದ ಹೊಸ ಕಾನೂನು ಬಂದಿತ್ತು. ಒಡತಿಯ ಮಗಳು ತನ್ನ ಮಗುವಿಗೆ ಲಸಿಕೆ ಹಾಕಿಸಲು ಒಪ್ಪುತ್ತಿರಲಿಲ್ಲ. "ಹೋದ ಸಲ ದುಡ್ಡು ಕೊಟ್ಟು ಕಾನೂನು ಮಾಡಿಸಿದ್ದರಲ್ಲ, ಈ ಸಲ ಕೊಟ್ಟಿಲ್ಲ ಎನ್ನುವುದಕ್ಕೆ ಏನು ಸಾಕ್ಷಿ, ಅಮ್ಮಾ?" ಎಂದು ಕೇಳುತ್ತಿದ್ದಳಂತೆ. ಈ ಪ್ರಶ್ನೆಗೆ ತಾಯಿಯ ಬಳಿ ಉತ್ತರವಿರಲಿಲ್ಲ. ಪ್ರಯೋಗಾಲಯದಲ್ಲೇ ಬದುಕು ಕಳೆಯುವ ನಾನು ಲಸಿಕೆಯ ಪರವಾಗಿ ಹೇಳಬಹುದಾದ ಅಂಕಿಅಂಶಗಳೆಲ್ಲ ಸರಿಯಾಗಿಯೇ ಇದ್ದವು. ಆದರೆ ಆಕೆ ಕೇಳುತ್ತಿದ್ದುದು ಲಸಿಕೆಯ ಬಗ್ಗೆಯಲ್ಲ. ಕೆಟ್ಟ ಔಷಧಕ್ಕೆ ಲಂಚ ಪಡೆದಿದ್ದರೆ ಆ ಔಷಧವನ್ನು ಎಸೆದು ಮುಂದೆ ಹೋಗಬಹುದಿತ್ತು. ನಿಜವಾಗಿಯೂ ಬೇಕಾಗಿದ್ದ ಲಸಿಕೆಯ ಮೇಲೇ ಲಂಚದ ಕಲೆ ಹತ್ತಿಸಿದ್ದರಿಂದ, ಇಪ್ಪತ್ತಾರು ವರ್ಷಗಳ ಬಳಿಕ ಹುಟ್ಟಿದ ಮಗುವಿನ ತಾಯಿಗೂ ಅನುಮಾನವೇ ಆಸ್ತಿಯಾಗಿ ಬಂತು. ದೆ ಲೊರೆಂಜೊ ಅವರ ವೃತ್ತಿಜೀವನದಲ್ಲಿ ನನ್ನನ್ನು ಇಂದಿಗೂ ಕಾಡುವುದು ಇದು. ಇದಕ್ಕೆ ಜೈಲುಶಿಕ್ಷೆಯೂ ಪರಿಹಾರವಲ್ಲ, ಪುಸ್ತಿಕೆಗಳೂ ಪರಿಹಾರವಲ್ಲ.

ಆಸ್ಪತ್ರೆಯಿಂದ ಹೊರಡುವಾಗ ಸ್ವಯಂಸೇವಕಿ ಆ ಪುಸ್ತಿಕೆಯನ್ನು ನನ್ನ ಕೈಗೆ ಕೊಟ್ಟಿದ್ದಳು. ಬಚ್ಚಿಡುವುದು ಸರಿಯೆನಿಸದೆ ಸಂಜೆ ಅಡುಗೆಮನೆಯ ಮೇಜಿನ ಮೇಲೆ, ಔಷಧಿ ಪೆಟ್ಟಿಗೆಗಳ ಪಕ್ಕದಲ್ಲೇ ಇಟ್ಟೆ. ಒಡತಿ ಅದನ್ನು ನೋಡಿಯೂ ನೋಡದವರಂತೆ ಬಹಳ ಹೊತ್ತು ಓಡಾಡಿದರು. ಆಮೇಲೆ ಕುಳಿತು, "ಇದರಲ್ಲಿರುವುದನ್ನು ಬರೆದವರು ಯಾರು, ಮಗು? ಸಂಘದ ಹೆಸರು ಬೇಡ, ವೈದ್ಯರ ಹೆಸರು ನೋಡು" ಎಂದರು. ಒಳಪುಟದಲ್ಲಿ ಸಣ್ಣ ಅಕ್ಷರಗಳಲ್ಲಿದ್ದ ಹೆಸರುಗಳನ್ನು ನಾನು ಓದುತ್ತ ಹೋದೆ. ಅವರು ಪ್ರತಿ ಹೆಸರಿನ ಕೆಳಗೂ ಬೆರಳಿಟ್ಟು ಮತ್ತೊಮ್ಮೆ ತಾವೇ ಓದಿಕೊಂಡರು. ಕೊನೆಯ ಹೆಸರು ಮುಗಿದ ಮೇಲೆ ಕನ್ನಡಕ ಒರೆಸಿಕೊಂಡು, ಶಸ್ತ್ರಚಿಕಿತ್ಸೆಯ ಅಧ್ಯಾಯ ಎಲ್ಲಿದೆಯೆಂದು ಕೇಳಿದರು.