ಮಳೆ ಸದ್ದಿಗೆ ಮುಳುಗಿದ ನನ್ನ ಸ್ಕ್ರಿಪ್ಟು

ಕಾಫಿ ಹೂವಿಗೆ ಕಾಲ್‌ಶೀಟ್ ಇಲ್ಲ. ಹೂಮಳೆ, ಅಂದರೆ ಮೊಗ್ಗು ಅರಳಿಸುವ ಬೇಸಿಗೆ ಮಳೆ, ಬಿದ್ದ ಎಂಟು-ಹತ್ತು ದಿನಕ್ಕೆ ತೋಟವೆಲ್ಲ ಬೆಳ್ಳಗಾಗುತ್ತದೆ. ಮೂರ್ನಾಲ್ಕು ದಿನ ಕಳೆದರೆ ಹೂವು ಕಂದಿಹೋಗಿರುತ್ತದೆ. ಹಾಗಾಗಿ ಆ ವರ್ಷ ಮಾರ್ಚ್ ತಿಂಗಳಿಡೀ ನಾನು ಬೆಂಗಳೂರಿನಿಂದ ಕೊಡಗಿನ ಸಿದ್ದಾಪುರದ ಕಡೆಯ ತೋಟವೊಂದರ ರೈಟರ್‌ಗೆ, ಅಂದರೆ ಲೆಕ್ಕ ಬರೆಯುವ ಗುಮಾಸ್ತರಿಗೆ, ದಿನಾ ಫೋನ್ ಮಾಡುತ್ತಿದ್ದೆ. ಒಂದು ಬೆಳಿಗ್ಗೆ ಅವರೇ ಮಾಡಿದರು. "ರಾತ್ರಿ ಒಂದು ಇಂಚು ಇಪ್ಪತ್ತು ಸೆಂಟು ಬಿತ್ತು ಮೇಡಂ. ಹೊರಡೋ ಲೆಕ್ಕ ಹಾಕಿ." ತೋಟದವರ ಮಳೆ ಲೆಕ್ಕದಲ್ಲಿ ಸೆಂಟು ಅಂದರೆ ಇಂಚಿನ ನೂರನೇ ಒಂದು ಭಾಗ.

ನನ್ನದು ಮಕ್ಕಳ ಶೈಕ್ಷಣಿಕ ಟಿವಿ ಕಾರ್ಯಕ್ರಮ ಮಾಡುವ ಕೆಲಸ. ಹುಟ್ಟೂರು ಕೊಡಗು, ಆದ್ದರಿಂದ ಕಾಫಿ ಹೂವಿನ ಈ ಆರು ನಿಮಿಷದ ಕಂತಿನ ಮೇಲೆ ಪ್ರೀತಿ ಸ್ವಲ್ಪ ಜಾಸ್ತಿಯೇ ಇತ್ತು. ಪ್ರೀತಿ ಜಾಸ್ತಿಯಾದಾಗ ಮಾತೂ ಜಾಸ್ತಿಯಾಗುತ್ತದೆ, ಅಲ್ವಾ? ಕಾಫಿಯಲ್ಲಿ ಎರಡು ಜಾತಿ, ಅರೇಬಿಕಾ ತನ್ನ ಪರಾಗದಿಂದಲೇ ಕಾಯಿ ಕಟ್ಟುತ್ತದೆ, ರೊಬಸ್ಟಾಗೆ ಬೇರೆ ಗಿಡದ ಪರಾಗ ಬೇಕು, ಅದನ್ನು ಗಾಳಿ ತರುತ್ತದೆ, ಜೇನು ತರುತ್ತದೆ. ಇದನ್ನೆಲ್ಲ ನಿರೂಪಣೆಯಲ್ಲಿ ತುರುಕಿದ್ದೆ. ಉಸಿರಾಡಲೂ ಜಾಗ ಬಿಟ್ಟಿರಲಿಲ್ಲ.

ಜೂನ್‌ನಲ್ಲಿ ರಫ್ ಕಟ್, ಅಂದರೆ ಕಂತಿನ ಕಚ್ಚಾ ಎಡಿಟ್, ಹಿಡಿದು ಮಕ್ಕಳಿಗೆ ತೋರಿಸಿ ನೋಡಲು ಕೊಡಗಿನ ಒಂದು ಸಣ್ಣ ಶಾಲೆಗೆ ಹೋದೆ. ಲೈನ್ ಮನೆಗಳ, ಅಂದರೆ ತೋಟದ ಕಾರ್ಮಿಕರ ವಸತಿಯ, ಮಕ್ಕಳೇ ಹೆಚ್ಚು. ಇಂಥ ಪರೀಕ್ಷೆಯಲ್ಲಿ ನಾವು ಪರದೆ ನೋಡುವುದಿಲ್ಲ, ಮಕ್ಕಳ ಮುಖ ನೋಡುತ್ತೇವೆ. 1969ರಲ್ಲಿ ಅಮೆರಿಕದಲ್ಲಿ ಶುರುವಾದ ಮಕ್ಕಳ ಟಿವಿ ಕಾರ್ಯಕ್ರಮ ಸೆಸಮಿ ಸ್ಟ್ರೀಟ್‌ಗೆ ಅದರ ಸಂಶೋಧಕ ಎಡ್ವರ್ಡ್ ಪಾಮರ್ ಮಾಡಿದ್ದೂ ಇದನ್ನೇ. ಟಿವಿ ಪಕ್ಕದಲ್ಲೇ 7.5 ಸೆಕೆಂಡಿಗೊಮ್ಮೆ ಬದಲಾಗುವ ಸ್ಲೈಡ್ ಹಾಕಿ, ಮಗುವಿನ ಕಣ್ಣು ಯಾವಾಗ ಟಿವಿ ಬಿಟ್ಟು ಅತ್ತ ಹೋಗುತ್ತದೆ ಎಂದು ಗುರುತಿಸಿಕೊಳ್ಳುತ್ತಿದ್ದರು. ನನಗೆ ಸ್ಲೈಡ್ ಬೇಕಿರಲಿಲ್ಲ. ಕಿಟಕಿಯಾಚೆ ಒಂದು ಕೋಳಿ ಇತ್ತು.

ಇಪ್ಪತ್ತೆರಡು ಮಕ್ಕಳು. 'ಪರಾಗಸ್ಪರ್ಶ' ಎಂಬ ಪದ ಬರುವ ಹೊತ್ತಿಗೆ ಹನ್ನೊಂದು ತಲೆ ಕೋಳಿಯ ಕಡೆ ತಿರುಗಿದ್ದವು.

ಅಷ್ಟರಲ್ಲಿ ಮಳೆ ಬಂತು. ಜಿಂಕ್ ಶೀಟಿನ ಮಾಡಿನ ಮೇಲೆ ಕೊಡಗಿನ ಜೂನ್ ಮಳೆ! ಸ್ಪೀಕರ್ ಪೂರ್ತಿ ಏರಿಸಿದರೂ ನನ್ನ ನಿರೂಪಣೆಯ ಒಂದಕ್ಷರ ಕೇಳಿಸಲಿಲ್ಲ. ದಿನ ಹಾಳಾಯ್ತು ಅಂದುಕೊಂಡೆ.

ಆದರೆ ಹಿಂದಿನ ಸಾಲಿನವರು ಮುಂದೆ ಜರುಗಿ ಕೂತರು. ಪರದೆ ಮೇಲೆ ಒಂದು ಜೇನು ಹೂವಿನೊಳಗೆ ತಲೆ ತೂರಿಸಿತ್ತು. ಅದರ ಹಿಂಗಾಲಿಗೆ ಅಂಟಿದ ಹಳದಿ ಉಂಡೆ ಅಲ್ಲಾಡುತ್ತಿತ್ತು. ಒಬ್ಬಳು ಹುಡುಗಿ ಎದ್ದು ಪಕ್ಕದವಳಿಗೆ ಯರವ ಭಾಷೆಯಲ್ಲಿ ಏನೋ ಅಂದಳು. ಅವಳು ಇನ್ನೊಬ್ಬನಿಗೆ ಮಲಯಾಳದಲ್ಲಿ ದಾಟಿಸಿದಳು. ಅವನು ನನ್ನ ಕಿವಿ ಹತ್ತಿರ ಬಂದು ಕನ್ನಡದಲ್ಲಿ ಕೂಗಿದ: "ಮಿಸ್, ಅದು ಉಂಡೆ ಕಟ್ಕೊಂಡು ಎಲ್ಲಿಗೆ ಹೋಗ್ತದೆ?"

ನಾನು ನಾಲ್ಕು ಪ್ಯಾರಾ ಬರೆದು ಹುಟ್ಟಿಸಲಾಗದ ಪ್ರಶ್ನೆ ಅದು. ಆ ತರಗತಿಯಲ್ಲಿ ಎಷ್ಟು ಮನೆಮಾತು ಇವೆ ಎಂದು ಸ್ಕ್ರಿಪ್ಟ್ ಬರೆಯುವಾಗ ಯೋಚಿಸಿಯೂ ಇರಲಿಲ್ಲ. ನಾಚಿಕೆಯಾಯಿತು.

ವಾಪಸ್ ಬಂದು ನಿರೂಪಣೆಯ ಮುಕ್ಕಾಲು ಭಾಗ ಕತ್ತರಿಸಿದೆ. ಕಂತು ಆ ಹುಡುಗನ ಪ್ರಶ್ನೆಯಿಂದಲೇ ಶುರುವಾಯಿತು. ಮೊದಲು 'ಹೂವಿನ ಪುಡಿ', ಆಮೇಲೆ ಜೇನು ಇನ್ನೊಂದು ಗಿಡಕ್ಕೆ ಹಾರುವ ಶಾಟ್, ಅದು ಮುಗಿದ ಮೇಲೆ ಒಂದೇ ಒಂದು ಸಲ 'ಪರಾಗಸ್ಪರ್ಶ'. ಅರೇಬಿಕಾ ವಿಷಯ ಪೂರ್ತಿ ಹೋಯಿತು. ಅದಕ್ಕೆ ಈಗಲೂ ಸ್ವಲ್ಪ ಹೊಟ್ಟೆ ಉರಿಯುತ್ತದೆ. "ಇದರಲ್ಲಿ ಪಾಠ ಎಲ್ಲಿದೆ?" ಎಂದು ಕೇಳಿದ ವಿಷಯತಜ್ಞರ ಜೊತೆ ಎರಡು ದಿನ ಜಗಳವೂ ಆಯಿತು. ಅವರದೂ ಪೂರ್ತಿ ತಪ್ಪಲ್ಲ. 2020ರಲ್ಲಿ ಶಾಲೆ ಮುಚ್ಚಿದ್ದಾಗ ಚಂದನದಲ್ಲಿ ಬಂದ ಹೈಸ್ಕೂಲಿನ ಸಂವೇದ ಪಾಠಗಳ ಲೆಕ್ಕ ಬೇರೆ. ಅಲ್ಲಿ ಮೇಷ್ಟ್ರು ಮಾತಾಡಲೇಬೇಕು. ಎಂಟು ವರ್ಷದ ಮಗುವಿಗೆ ಜೇನು ತೋರಿಸುವಾಗ ಸುಮ್ನೆ ಇರುವುದೇ ಕಷ್ಟದ ಕೆಲಸ.

ಈಗ ಯಾವ ಕಂತೇ ಆಗಲಿ, ಡಬ್ಬಿಂಗಿಗೆ ಮುಂಚೆ ಒಮ್ಮೆ ಧ್ವನಿ ತೆಗೆದು ನೋಡುತ್ತೇನೆ. ನಮ್ಮ ಎಡಿಟರ್‌ಗೂ ಅಭ್ಯಾಸವಾಗಿಬಿಟ್ಟಿದೆ. ಮ್ಯೂಟ್ ಬಟನ್ ಮೇಲೆ ಬೆರಳಿಟ್ಟು ಕೇಳುತ್ತಾನೆ: "ಮೇಡಂ, ಮಳೆ ಬರಿಸ್ಲಾ?"