ಹೇಗ್ ರೂಲ್ಸು, ಗ್ರಾಫ್ ಸ್ಪೇ ಪಾಡು
ಗ್ರಾಫ್ ಸ್ಪೇ ಕಥೆ ಮತ್ತೆ ಓದ್ತಿದ್ದೆ, ಸಖತ್ತಾಗಿದೆ. 1939ರ ಡಿಸೆಂಬರ್, ಬ್ರಿಟಿಷ್ ಕ್ರೂಸರ್‌ಗಳ ಹತ್ರ ಏಟು ತಿಂದ ಈ ಜರ್ಮನ್ ಯುದ್ಧನೌಕೆ ಸೀದಾ ಮಾಂಟೆವಿಡಿಯೋ ಬಂದರಿಗೆ ಬಂತು, ಉರುಗ್ವೆ ತಟಸ್ಥ ದೇಶ, ಯುದ್ಧದ ನಿಯಮಗಳ 1907ರ ಹೇಗ್ ಒಪ್ಪಂದದ ಪ್ರಕಾರ ಯುದ್ಧ ಮಾಡ್ತಿರೋ ದೇಶದ ಯುದ್ಧನೌಕೆ ಅಂಥಾ ಬಂದರಲ್ಲಿ ನಿಲ್ಲೋಕೆ ಮಾಮೂಲಿ 24 ಗಂಟೆ ಅಷ್ಟೇ ಟೈಮು, ರಿಪೇರಿಗೆ ಅಂತ 72 ಕೊಟ್ರು. ಮಜಾ ಏನಂದ್ರೆ ಅದೇ ಒಪ್ಪಂದದಲ್ಲಿ ಇನ್ನೊಂದು ರೂಲ್ ಇದೆ, ಶತ್ರು ದೇಶದ ಸರಕು ಹಡಗು ಹೊರಟ್ರೆ ಆಮೇಲೆ 24 ಗಂಟೆ ಯುದ್ಧನೌಕೆ ಬಂದರು ಬಿಡೋ ಹಾಗಿಲ್ಲ. ಗ್ರಾಫ್ ಸ್ಪೇ ಹೊರಡೋದು ತಡ ಆಗ್ಲಿ ಅಂತ ಬ್ರಿಟಿಷರು ಬೇಕಂತ್ಲೇ ತಮ್ಮ ಸರಕು ಹಡಗು ಹೊರಡಿಸಿದ್ರು, ಜೊತೆಗೆ ತಮ್ಮ ದೊಡ್ಡ ಪಡೆ ಬಂದಿದೆ ಅಂತ ಗಾಳಿಸುದ್ದಿ ಬೇರೆ ಹಬ್ಬಿಸಿದ್ರು, ಎಂಥಾ ಕಿಲಾಡಿಗಳು ಮಾರಾಯ್ರೆ! ಕೊನೆಗೆ 17ನೇ ತಾರೀಕು, ಹೊರಗೆ ಹೋದ್ರೆ ತಪ್ಪಿಸ್ಕೊಳ್ಳೋಕೆ ಆಗಲ್ಲ ಅಂದ್ಕೊಂಡು, ಗ್ರಾಫ್ ಸ್ಪೇ ಕ್ಯಾಪ್ಟನ್ ಲಾಂಗ್ಸ್‌ಡಾರ್ಫ್ ತನ್ನ ಹಡಗನ್ನ ತಾನೇ ಸ್ಫೋಟಿಸಿ ಮುಳುಗಿಸಿಬಿಟ್ಟ. ನಂಗೆ ಪಾಪ ಅನ್ಸಿದ್ದು ಮಾತ್ರ ಉರುಗ್ವೆ ಸರ್ಕಾರದ ಬಗ್ಗೆ, ಯಾರ ಜಗಳಕ್ಕೂ ಹೋಗದೆ ಇದ್ರೂ ಎರಡೂ ಕಡೆ ರಾಯಭಾರಿಗಳು ಬಂದು ತಲೆ ತಿಂದ್ರಲ್ಲ.